ಪುಸ್ತಕದಲ್ಲಿಲ್ಲದ ಅಣ್ಣ

ಮಗ ತನ್ನ ಜೀವನಕತೆ ಬರೆದಿದ್ದಾನೆಂದು ಕೇಳಿ ಹಸಿಂತಾಗೆ ಮೊದಲು ನಗು ಬಂತು. ಶಾಲೆಯಲ್ಲಿ ಒಂದು ಪುಟ ಬರೆಯೆಂದರೆ ಅತ್ತು ಊರು ಒಂದು ಮಾಡುತ್ತಿದ್ದವನು ಈ ಫೆರ್ಮಿನ್. ಈಗ ಮಿಚೊಅಕಾನ್ ಪ್ರಾಂತ್ಯದ ಅವರ ಕಣಿವೆಯ ಮಾದಕ ದಂಧೆಯೆಲ್ಲ ಅವನದು. ನಿಂಬೆ ತೋಟದವರು ಅವನ ಹೆಸರನ್ನು ಪಿಸುಮಾತಿನಲ್ಲೇ ಎತ್ತುತ್ತಾರೆ. ಹೆತ್ತವರಿಗೆ ಹೆಗ್ಗಣ ಮುದ್ದು. ಅವಳೂ ಇಷ್ಟು ವರ್ಷ ಏನನ್ನೂ ಕೇಳಿರಲಿಲ್ಲ.

ಭಾನುವಾರದ ಪೂಜೆ ಮುಗಿದ ಮೇಲೆ ಇಗರ್ಜಿಯ ಅಂಗಳದಲ್ಲಿ ಮನೆಗೊಂದು ಪುಸ್ತಕ ಹಂಚಬೇಕು, ಅದೂ ತಾಯಿಯ ಕೈಯಿಂದಲೇ ಎಂದು ಅವನು ಗೊತ್ತು ಮಾಡಿದ್ದ. ಹಿಂದಿನ ಸಂಜೆ ಸೊಸೆ ಓದಿ ಹೇಳಿದಳು. ಹಸಿದ ಹುಡುಗನೊಬ್ಬ ನಿಂಬೆ ಕಿತ್ತು ತಾಯಿಯನ್ನು ಸಾಕಿದ; ಸೈನಿಕರ ಗುಂಡಿಗೆ ಎದೆಯೊಡ್ಡಿಯೂ ಬದುಕಿದ; ದೇವರೇ ಅವನನ್ನು ಬಡವರ ಕಾವಲಿಗಿಟ್ಟ. ಹಸಿಂತಾ ಕೊನೆಯ ಪುಟದವರೆಗೂ ಕಾದಳು. ನಿಂಬೆ ಕಿತ್ತವನು, ಆ ಗುಂಡು ತಿಂದು ಸತ್ತವನು ಹಿರಿಮಗ ರೊಹೇಲಿಯೊ. ಅವನ ಹೆಸರೇ ಬರಲಿಲ್ಲ.

ಬೆಳಿಗ್ಗೆ ಕರೆದೊಯ್ಯಲು ಬಂದ ಫೆರ್ಮಿನ್‌ನನ್ನು ಬಾಗಿಲಲ್ಲೇ ತಡೆದಳು.

“ನಿನ್ನ ಅಣ್ಣ ಎಲ್ಲೋ?”

“ಸತ್ತೋನನ್ನ ಯಾಕಮ್ಮ ಎಳೀತೀಯ? ಒಂದು ಕತೇಲಿ ಇಬ್ರು ದೊಡ್ಡೋರು ಇರೋಕಾಗಲ್ಲ.”

“ನಿನ್ನನ್ನ ಬೆನ್ನ ಹಿಂದೆ ಹಾಕ್ಕೊಂಡು ಸತ್ತ ಕಣೋ ಅವ್ನು!”

“ಅದನ್ನ ಬರೆದ್ರೆ ನಂಗ್ಯಾರು ಹೆದರ್ತಾರೆ? ಸುಮ್ನೆ ಹಂಚು, ಬಾ.”

ಹಸಿಂತಾ ಅವನ ಹಿಂದೆ ಹೊರಟಳು. ತಾನು ಕಣ್ಣು ಮುಚ್ಚಿದರೆ ರೊಹೇಲಿಯೊ ಎಂಬವನು ಹುಟ್ಟಿಯೇ ಇರಲಿಲ್ಲ ಎಂದಾಗುತ್ತದೆ.

ಅಂಗಳದಲ್ಲಿ ಫೆರ್ಮಿನ್‌ನ ಬಂದೂಕಿನವರ ನಡುವೆ ಜನ ತಲೆ ತಗ್ಗಿಸಿ ಸಾಲು ನಿಂತಿದ್ದರು. ಹಸಿಂತಾ ಪುಸ್ತಕ ಕೊಟ್ಟಳು. ಕೊಡುವಾಗ ಪ್ರತಿಯೊಬ್ಬರಿಗೂ ಕೇಳುವಂತೆ ಹೇಳಿದಳು: “ಇದರಲ್ಲಿರೋ ಹುಡುಗ ನನ್ನ ರೊಹೇಲಿಯೊ. ಫೆರ್ಮಿನ್ ಅಲ್ಲ.”

“ಅಮ್ಮಂಗೆ ವಯಸ್ಸಾಯ್ತು, ಅರಳುಮರುಳು,” ಎಂದು ಫೆರ್ಮಿನ್ ಎಲ್ಲರತ್ತ ನಕ್ಕ. ಒಬ್ಬರೂ ಜೊತೆಗೆ ನಗಲಿಲ್ಲ.

ಆಗ ರೊಟ್ಟಿ ಮಾರುವ ಮುದುಕಿ ಪೆತ್ರಾಳ ಸರದಿ ಬಂತು. ಅವಳು ಪುಸ್ತಕಕ್ಕೆ ಕೈಯೊಡ್ಡಲಿಲ್ಲ. “ತೋಟದಲ್ಲಿ ನನ್ನ ಮೂಟೇನೂ ಅವ್ನೇ ಹೊರ್ತಿದ್ದ ಕಣೆ, ಹಸಿಂತಾ. ಮುತ್ತಿನಂಥ ಹುಡುಗ, ನಿನ್ನ ರೊಹೇಲಿಯೊ.”

ಇಷ್ಟು ವರ್ಷಗಳ ಮೇಲೆ ಬೇರೊಬ್ಬರ ಬಾಯಲ್ಲಿ ಆ ಹೆಸರು! ಹಸಿಂತಾಗೆ ಅಳು ಉಕ್ಕಿಬಂತು. ಅಷ್ಟರಲ್ಲಿ ಫೆರ್ಮಿನ್ ನಗು ನಿಲ್ಲಿಸಿ ಪೆತ್ರಾಳನ್ನು ನೋಡುತ್ತಿರುವುದು ಕಂಡಿತು.

ಅವಳು ಪೆತ್ರಾಳ ಕೈಯನ್ನು ಗಟ್ಟಿಯಾಗಿ ಹಿಡಿದಳು. ತನ್ನ ಮನೆ ಸೇರುವವರೆಗೂ ಬಿಡಲಿಲ್ಲ. ಅಂದಿನಿಂದ ಪೆತ್ರಾ ಮಲಗುವುದು ಹಸಿಂತಾಳ ಮಂಚದಲ್ಲೇ, ಗೋಡೆಯ ಕಡೆಗೆ. ಬಾಗಿಲ ಕಡೆಗೆ ಹಸಿಂತಾ ಮಲಗುತ್ತಾಳೆ.