ಕೇಳದೇ ಮುಗಿದ ಕೇಸು

ಬೆರಳ ಸಂದಿನಲ್ಲಿ ಒಣಗಿದ ಅಂಟು ಎಷ್ಟು ತಿಕ್ಕಿದರೂ ಹೋಗುತ್ತಿರಲಿಲ್ಲ. ಕಾಗದದ ಅಂಚು ಕೊಯ್ದಲ್ಲಿ ಅದೇ ಅಂಟು ಇಳಿದು ಚುರುಗುಟ್ಟುತ್ತಿತ್ತು. ಬೀದಿಯವರಿಗೆಲ್ಲ ಅವಳು ಬೈಂಡಿಂಗ್ ಅಕ್ಕ. ಹತ್ತು ಅಡಿಯ ಕೋಣೆ, ಕಾಗದ ಒತ್ತುವ ಒಂದು ಕಬ್ಬಿಣದ ಪ್ರೆಸ್ಸು, ಮೂಲೆಯಲ್ಲಿ ರಟ್ಟಿನ ರಾಶಿ.

ಆ ಕೋಣೆಯನ್ನು ಅವಳ ಗಂಡ ಊರಿನ ಸಾಹುಕಾರನ ಅಪ್ಪನಿಂದ ಕೊಂಡಿದ್ದ. ನೋಂದಣಿಯಾದ ಪತ್ರವಿತ್ತು. ಗಂಡ ಸತ್ತು ಆರು ತಿಂಗಳಾಗಿರಲಿಲ್ಲ, ಸಾಹುಕಾರ ಕೋರ್ಟಿಗೆ ಹೋದ. ಇವಳು ಬಾಡಿಗೆಯವಳು, ಕೋಣೆ ಬಿಡಿಸಿಕೊಡಿ ಎಂದ. ಪತ್ರವೇ ಇದೆಯಲ್ಲ, ವಕೀಲ ಯಾಕೆ ಎಂದು ಅಕ್ಕ ಒಬ್ಬಳೇ ಓಡಾಡಿದಳು.

ಪತ್ರ ತೋರಿಸಬೇಕಿದ್ದ ದಿನ ಬೆಳಿಗ್ಗೆ ಸಾಹುಕಾರನೇ ಬಾಗಿಲಿಗೆ ಬಂದ. ಹಿಂದೆ ಗಾಡಿ ತುಂಬ ಹರಿದ ಪುಸ್ತಕ.

"ಅಕ್ಕಾ, ಇವತ್ತು ಜಡ್ಜು ರಜ. ಕೇಸು ಮುಂದಕ್ಕೋಯ್ತು. ಇವು ಸ್ಕೂಲಿಂದು, ಸಂಜೆಗೇ ಬೇಕಂತೆ."

"ನನ್ ಮೇಲೆ ಕೇಸು ಹಾಕಿ ನನ್ ಹತ್ರಾನೇ ಕೆಲಸ ತರ್ತೀರಲ್ಲ ಸಾಹುಕಾರ್ರೇ, ಮುಖ ಗಟ್ಟಿ ಇದೆ ನಿಮ್ದು."

"ಕೇಸು ಅದರ ಪಾಡಿಗದು. ನಿನ್ನಂಗೆ ಹೊಲಿಯೋರು ಯಾರಿದಾರೆ ಹೇಳು?"

ಅವಳು ನಕ್ಕಳು, ನಂಬಿದಳು. ಆ ಬೀದಿಯ ಬೈಂಡರುಗಳು ಬಾಗಿಲಿಗೆ ಬಂದ ಪುಸ್ತಕವನ್ನು ವಾಪಸ್ ಕಳಿಸಿದವರಲ್ಲ. ಅಂಟು ಹಚ್ಚಿದ ಮೇಲಂತೂ ಯಾರೂ ಏಳುವುದಿಲ್ಲ, ಎದ್ದರೆ ಪುಸ್ತಕದ ಬೆನ್ನು ಸೊಟ್ಟಗಾಗುತ್ತದೆ. ಅತ್ತ ಕೋರ್ಟಿನಲ್ಲಿ ಅವಳ ಹೆಸರನ್ನು ಮೂರು ಸಲ ಕೂಗಿದರು. ಇತ್ತ ಅವಳು ಸೂಜಿಗೆ ದಾರ ಪೋಣಿಸುತ್ತಿದ್ದಳು.

ಮುಂದಿನ ತಾರೀಕು ಯಾವಾಗ ಎಂದು ಕೇಳಿದಾಗಲೆಲ್ಲ ಸಾಹುಕಾರ "ಕೇಸು ವಾಪಸ್ ತಗೊಂಡೆ ಬಿಡಕ್ಕಾ" ಎನ್ನುತ್ತಿದ್ದ. ವರ್ಷ ಕಳೆದು ಕೋಣೆ ಖಾಲಿ ಮಾಡು ಎಂಬ ನೋಟಿಸು ಬಂತು. ಅವಳು ಗೈರುಹಾಜರಿದ್ದಾಗಲೇ ತೀರ್ಪಾಗಿಹೋಗಿತ್ತು.

ಆಗ ವಕೀಲನನ್ನು ಹಿಡಿದಳು. ಹಳೆಯ ತೀರ್ಪು ರದ್ದು ಮಾಡಿ ಎಂದು ಹಾಕಿದ ಅರ್ಜಿ, ತಡವಾಯಿತು ಎಂದು ಬಿದ್ದುಹೋಯಿತು. ಕೋಣೆ ನನ್ನದು ಎಂದು ಹೊಸ ದಾವೆ ಹಾಕಿಸಿದಳು. ಸಾಹುಕಾರನ ವಕೀಲ ಎದ್ದು ಕೋಟು ಸರಿಮಾಡಿಕೊಂಡ.

"ಅದೇ ಜನ, ಅದೇ ಕೋಣೆ, ಅದೇ ಪ್ರಶ್ನೆ ಸ್ವಾಮಿ. ಒಂದ್ಸಲ ತೀರ್ಮಾನ ಆಗಿದೆ. ಎರಡನೇ ಸಲ ಎಳೆದು ನಮ್ಮ ಕಕ್ಷಿದಾರರಿಗೆ ಕಿರುಕುಳ ಕೊಡ್ತಿದಾರೆ."

ಕಿರುಕುಳ ಎಂದಾಗ ಸಾಹುಕಾರ ಕರವಸ್ತ್ರ ತೆಗೆದು ಕಣ್ಣೊರೆಸಿಕೊಂಡ. ಅವಳು ಪತ್ರ ಹಿಡಿದು ಎದ್ದು ನಿಂತಳು.

"ಸ್ವಾಮಿ, ಎರಡನೇ ಸಲ ಅಂತಾರಲ್ಲ, ಮೊದಲನೇ ಸಲ ನನ್ನ ಯಾರು ಕೇಳಿದ್ರು? ಪತ್ರ ಇಲ್ಲೇ ಇದೆ, ಒಂದ್ಸಲ ಬಿಚ್ಚಿ ನೋಡಿ."

"ಆಗ ತೋರಿಸಬೇಕಿತ್ತು ಕಣಮ್ಮ." ಜಡ್ಜು ಪತ್ರ ಮುಟ್ಟಲಿಲ್ಲ. ದಾವೆ ವಜಾ.

ವರಾಂಡದಲ್ಲಿ ಅವಳ ವಕೀಲ ಗಡಿಯಾರ ನೋಡಿಕೊಂಡ. "ಮುಗಿದ ಕೇಸನ್ನ ಮತ್ತೆ ಕೇಳಬಾರದು ಅನ್ನೋ ಕಾನೂನಿನ ಉದ್ದೇಶ ಒಳ್ಳೇದೇ ಅಕ್ಕಾ. ಇಲ್ದಿದ್ರೆ ಶ್ರೀಮಂತರು ಬಡವ್ರ ಮೇಲೆ ಒಂದೇ ಕೇಸನ್ನ ಹತ್ತು ಸಲ ಹಾಕ್ತಾರೆ."

"ಹತ್ತು ಸಲ ಯಾಕಪ್ಪಾ? ಒಂದ್ಸಲಾನೇ ಸಾಕಾಯ್ತಲ್ಲ."

ಹತ್ತನೇ ದಿನ ಕೋರ್ಟಿನ ಅಮೀನ ಬಂದ, ಜೊತೆಗೆ ಇಬ್ಬರು ಪೊಲೀಸರು. ಪ್ರೆಸ್ಸನ್ನು ಸಾಹುಕಾರನ ನಾಲ್ವರು ಆಳುಗಳು ಎತ್ತಿ ಬೀದಿಗಿಟ್ಟರು. ಹೊಲಿಯದ ಹಾಳೆಗಳು ಚರಂಡಿಯತ್ತ ಹಾರಿದವು. ಸಾಹುಕಾರ ಮೂಗಿಗೆ ಕರವಸ್ತ್ರ ಹಿಡಿದಿದ್ದ, ಅಂಟಿನ ವಾಸನೆಗೆ.

ಅಮೀನ ಕಾಗದ ಚಾಚಿದ. "ಇಲ್ಲೊಂದು ಸಹಿ ಹಾಕಮ್ಮ."

ಅವಳು ಓದಿದಳು. ಕೋಣೆಯನ್ನು ತಕರಾರಿಲ್ಲದೆ ಒಪ್ಪಿಸಿದ್ದೇನೆ ಎಂದಿತ್ತು.

"ಇದನ್ನ ಯಾರು ಬರೆದದ್ದು?"

"ಎಲ್ಲಾ ಕಡೆ ಹೀಗೇ ಬರೆಯೋದು."

"ಆ ಸಾಲು ಹೊಡೆದು ಹಾಕಿ. ತಕರಾರು ಇತ್ತು, ಯಾರೂ ಕೇಳಲಿಲ್ಲ, ಪೊಲೀಸರನ್ನ ತಂದು ಕಿತ್ಕೊಂಡ್ರು ಅಂತ ಬರೀರಿ. ಆಗ ಹಾಕ್ತೀನಿ."

"ಹಂಗೆಲ್ಲಾ ಬರೆಯಕ್ಕಾಗಲ್ಲ. ಸಾಕ್ಷಿ ಸಹಿ ಇದ್ರೂ ನಡೆಯುತ್ತೆ." ಅಮೀನ ಪಕ್ಕದ ಅಂಗಡಿಯ ಮುದುಕ ಬೈಂಡರನತ್ತ ತಿರುಗಿದ. "ತಾತ, ನೀವು ಹಾಕಿ."

"ನಾನು ನೋಡಿದ್ದು ಕಿತ್ಕೊಂಡಿದ್ದು. ಅದನ್ನ ಬರೀರಿ."

ರಟ್ಟು ಕತ್ತರಿಸುವ ದಪ್ಪಕ್ಕ ಸೊಂಟಕ್ಕೆ ಕೈಯಿಟ್ಟು ಮುಂದೆ ಬಂದಳು. "ನಾನೂ ಅದನ್ನೇ ನೋಡಿದ್ದು. ಬರಿಯಯ್ಯಾ, ಪೆನ್ನಲ್ಲಿ ಇಂಕಿಲ್ವಾ?"

ಒಂದೊಂದೇ ಅಂಗಡಿಯಿಂದ ಜನ ಇಳಿದು ಬಂದರು. ಅಂಟಿನ ಕೈಗಳನ್ನು ಒರೆಸಿಕೊಳ್ಳದೆಯೇ ಬಂದರು. ಅಮೀನ ಪೆನ್ನು ಹಿಡಿದು ಸಾಹುಕಾರನ ಮುಖ ನೋಡಿದ.

"ಅವನ ಮುಖ ಯಾಕೆ ನೋಡ್ತೀರಿ?" ಎಂದಳು ಅಕ್ಕ. "ಬರೀರಿ. ನಾವೆಲ್ಲಾ ಇಲ್ಲೇ ನಿಂತಿರ್ತೀವಿ."