ಆಲದ ದೊರೆಯ ನಾಲ್ಕು ದೇವರು

೧೯೨೩ರ ಹಿರೀಕರ ಹಬ್ಬಕ್ಕೆ ಎರಡು ದಿನ ಮುಂಚೆ, ಅಪ್ಪನ ಸಮಾಧಿಯ ಮೇಲಿನ ಕಳೆ ಕೀಳಲು ಹೋದ ಪುಟ್ಟಮಾದಮ್ಮನಿಗೆ ಮಣ್ಣು ಕುಸಿದಿರುವುದು ಕಾಣಿಸಿತು. ಅಂತರಸಂತೆಯ ಆಚೆ, ಕಾಡು ಶುರುವಾಗುವ ಕಡೆ ಅವರ ಕುಲದವರನ್ನೆಲ್ಲ ಹೂಳುವ ಜಾಗ ಅದು. ಕಿರುಬ ಕೆದರಿರಬೇಕು ಅಂದುಕೊಂಡಳು. ಆದರೆ ಕಿರುಬ ಕೆದರಿದ ಮಣ್ಣನ್ನು ಮತ್ತೆ ಮುಚ್ಚಿ, ಮೇಲೆ ಕಲ್ಲು ಜೋಡಿಸುವುದಿಲ್ಲ. ಅಣ್ಣತಮ್ಮಂದಿರನ್ನು ಕರೆಸಿ ತೋಡಿಸಿದಳು. ಅಪ್ಪ ದೊಡ್ಡಮಾದಯ್ಯನ ಮೂಳೆಗಳೆಲ್ಲ ಇದ್ದವು. ತಲೆ ಇರಲಿಲ್ಲ.

ಅವಳ ಅವ್ವ ಕೆಂಪಾಜಮ್ಮ ಅಲ್ಲೇ ಮಣ್ಣಿನ ಮೇಲೆ ಕೂತುಬಿಟ್ಟಳು. "ತಲೆ ಇಲ್ಲದವನಿಗೆ ಎಡೆ ಇಕ್ಕೋದು ಎಂಗವ್ವ? ಯಾವ ಬಾಯಲ್ಲಿ ಉಣ್ತಾನೆ?" ಅಂದಳು.

ತಿಂಗಳು ಕಳೆಯುವುದರೊಳಗೆ ವಿಷಯ ಹೊರಬಿತ್ತು. ಹುಣಸೂರಿನ ಗಾಡಿ ಮರಿಯಯ್ಯ ಸಂತೆಯಲ್ಲಿ ಹೆಂಡ ಕುಡಿದು ಅಳುತ್ತಾ, ತಾನೇ ಹಾರೆ ಹಿಡಿದದ್ದಾಗಿ ಒಪ್ಪಿಕೊಂಡ. ಮಾಡಿಸಿದವನು ಆಲ್ಡ್ರಿಜ್ ದೊರೆ. ಹಳ್ಳಿಯವರ ಬಾಯಲ್ಲಿ ಆಲದ ದೊರೆ. ಹುಣಸೂರಿನಲ್ಲಿ ಇಂಗ್ಲಿಷ್ ಮೇಷ್ಟ್ರು. ರಜೆ ಬಂತೆಂದರೆ ಕಾಡಂಚಿನ ಹಟ್ಟಿಗಳಿಗೆ ಬಂದು ಜನರ ತಲೆ, ಮೂಗು, ತೋಳು ಅಳೆದು ಬರೆದುಕೊಳ್ಳುವವನು. ಹಿಂದೆ ಎಂಟು ವರ್ಷ ಅವನಿಗೆ ದಾರಿ ತೋರಿಸಿದ್ದು ದೊಡ್ಡಮಾದಯ್ಯನೇ. ಒಮ್ಮೆ ದೊರೆಗೆ ಚಳಿಜ್ವರ ಬಂದಾಗ ಹೆಗಲ ಮೇಲೆ ಹೊತ್ತು ಕಪಿಲೆ ದಾಟಿಸಿದ್ದ. "ನಿನ್ನಂಥ ತಲೆ ನಾನು ನೋಡಿಯೇ ಇಲ್ಲ" ಎಂದು ದೊರೆ ಅನ್ನುತ್ತಿದ್ದುದನ್ನು ಅಪ್ಪ ಮನೆಯಲ್ಲಿ ಹೆಮ್ಮೆಯಿಂದ ಹೇಳುತ್ತಿದ್ದ.

ಪುಟ್ಟಮಾದಮ್ಮನಿಗೆ ಆಗ ಮೂವತ್ತು. ಗಂಡ ಸತ್ತು ನಾಲ್ಕು ವರ್ಷವಾಗಿತ್ತು, ಮಕ್ಕಳಿರಲಿಲ್ಲ. "ಕೂಲಿಗೆ ಹೋಗ್ತೀನಿ ಕಣವ್ವ" ಅಂತ ಹೇಳಿ ಹುಣಸೂರಿಗೆ ನಡೆದಳು. ದೊರೆಯ ಬಂಗಲೆಯ ಹಿಂದೆ ಟೆನಿಸ್ ಆಡುವ ಅಂಗಳವಿತ್ತು. ಅದಕ್ಕೆ ದಿನವೂ ನೀರು ಚಿಮುಕಿಸಿ, ವಾರಕ್ಕೆರಡು ಸಲ ಸಗಣಿ ಸಾರಿಸಿ, ಸುಣ್ಣದ ಗೆರೆ ಎಳೆಯುವ ಹೆಂಗಸು ಬೇಕಾಗಿತ್ತು. ಯಾರ ಮಗಳು ಎಂದು ಯಾರೂ ಕೇಳಲಿಲ್ಲ.

ಕೆಲಸಕ್ಕೆ ಸೇರಿದ ಒಂಬತ್ತನೆಯ ದಿನ, ಗುಡಿಸಲೆಂದು ದೊರೆಯ ಓದುವ ಕೋಣೆಗೆ ಹೋದಾಗ ಅಪ್ಪನನ್ನು ಕಂಡಳು. ಹಲಗೆಯ ಮೇಲೆ ಸಾಲಾಗಿ ಆರು ತಲೆಬುರುಡೆ. ನಾಲ್ಕನೆಯದಕ್ಕೆ ಮೇಲಿನ ಎರಡು ಹಲ್ಲಿರಲಿಲ್ಲ. ಎಡ ಹುಬ್ಬಿನ ಮೇಲೆ, ಹಿಂದೊಮ್ಮೆ ಅಪ್ಪನ ಮೇಲೆ ಮರ ಉರುಳಿ ಬಿದ್ದು ತಗ್ಗಾಗಿ ಕೂಡಿಕೊಂಡ ಗುರುತು. ಹಣೆಗೆ ಒಂದು ಚೀಟಿ ಅಂಟಿಸಿ ಏನೋ ನಂಬರು ಬರೆದಿತ್ತು. ಪೊರಕೆ ಕೆಳಗಿಟ್ಟು, ಎರಡೂ ಕೈಯಲ್ಲಿ ಎತ್ತಿಕೊಂಡಳು. ಮಡಿಲಲ್ಲಿ ಕಟ್ಟಿಕೊಂಡು ಹಿತ್ತಲ ಬಾಗಿಲಿಂದ ಹೊರಟರೆ ಕೇಳುವವರಿರಲಿಲ್ಲ. ಬಾಗಿಲವರೆಗೂ ಹೋದಳು.

ಹೋದವಳು ನಿಂತಳು. ಇವತ್ತು ಇದನ್ನು ಒಯ್ದರೆ ನಾಳೆ ಇನ್ನೊಬ್ಬರ ಗುಂಡಿ ಅಗೆಯುತ್ತಾನೆ. ಅವನಿಗೇನು ನಷ್ಟ? ಅವನದೂ ಏನಾದರೂ ಹೋಗಬೇಕು, ತಲೆ ಎತ್ತದ ಹಾಗೆ ಹೋಗಬೇಕು. ತಿರುಗಿ ಬಂದು, ಬುರುಡೆಯನ್ನು ಎಲ್ಲಿತ್ತೋ ಅಲ್ಲೇ ಇಟ್ಟಳು. "ವಸಿ ದಿನ ತಡ್ಕೋ ಅಪ್ಪಾ" ಅಂದಳು.

ಅವಳು ಅಂತರಸಂತೆ ಕಡೆಯವಳು ಎಂದು ತಿಳಿದ ದಿನದಿಂದ ದೊರೆ ಅವಳನ್ನು ಬಿಡಲಿಲ್ಲ. ಅವನು ಒಂದು ದೊಡ್ಡ ಪುಸ್ತಕ ಬರೆಯುತ್ತಿದ್ದ. ಸಂಜೆ ಆಟ ಮುಗಿದ ಮೇಲೆ ಜಗಲಿಯಲ್ಲಿ ಕೂತು, ಪುಸ್ತಕದ ಕನ್ನಡದಲ್ಲಿ ಕೇಳುತ್ತಿದ್ದ: "ನಿಮ್ಮ ಜನರು ಮಗುವಿಗೆ ಹೆಸರನ್ನು ಹೇಗೆ ಇಡುತ್ತಾರೆ?"

"ಹುತ್ತದ ತಾವ ಓಗಿ, ಅದರ ಕಿವೀಲಿ ಮೊದ್ಲು ಯೋಳ್ತೀವಿ ಬುದ್ದಿ."

ಆ ಸುಳ್ಳನ್ನು ದೊರೆ ನಂಬಿ ಬರೆದುಕೊಂಡ. ಅವತ್ತೇ ಅವಳಿಗೆ ದಾರಿ ಸಿಕ್ಕಿತು. ಮೂರು ಸುಳ್ಳಿಗೆ ಒಂದು ನಿಜ ಬೆರೆಸಿ ಹೇಳತೊಡಗಿದಳು. ಹಟ್ಟಿಯ ಹೆಣ್ಣುಮಕ್ಕಳಿಗೆ ಅವಮಾನವಾಗುವಂಥ, ಪೊಲೀಸರು ಹುಡುಕಿಕೊಂಡು ಬರುವಂಥ ಒಂದು ಮಾತನ್ನೂ ಆಡಲಿಲ್ಲ. ಉಳಿದಂತೆ ಬಾಯಿಗೆ ಬಂದ ಮದುವೆ, ಬಾಯಿಗೆ ಬಂದ ಸಾವು.

ಆಟದ ಅಂಗಳದ ಪಕ್ಕದಲ್ಲಿ ನೀರಿನ ಕೊಡ ಇಟ್ಟುಕೊಂಡು ನಿಲ್ಲುತ್ತಿದ್ದವಳಿಗೆ ಆ ದೊರೆಗಳು ಚೆಂಡು ಹೊಡೆಯುತ್ತಾ ಕೂಗುವ ಎಣಿಕೆ ಬಾಯಿಪಾಠವಾಗಿತ್ತು. ಫಿಫ್ಟೀನ್, ಥರ್ಟಿ, ಫಾರ್ಟಿ. ಇಬ್ಬರೂ ಸರಿಸಮ ಬಂದರೆ ಡ್ಯೂಸ್. "ನಿಮ್ಮ ಆದಿದೈವಗಳು ಯಾರು?" ಎಂದು ದೊರೆ ಒಂದು ಸಂಜೆ ಕೇಳಿದಾಗ ಅವಳು ಕಣ್ಣು ಮುಚ್ಚಿ ಕೈ ಮುಗಿದಳು.

"ಅವರ ಹೆಸರು ಎತ್ತಬಾರದು ಬುದ್ದಿ."

"ನಾನು ಯಾರಿಗೂ ಹೇಳುವುದಿಲ್ಲ."

"ಇರಿಯಣ್ಣ ಪಿಪ್ತೀನಪ್ಪ. ನಡುವ್ಲವ್ನು ತರಟಪ್ಪ. ಕಿರಿಯವ್ನು ಪಾರಟಪ್ಪ, ಅವನೇ ಬಲ್ಶಾಲಿ. ಇಬ್ರು ಸಮಸಮ ಕಾದಾಡಿ ನಿಂತ್ರೆ ಅವರ ತಂಗಿ ದೂಸಮ್ಮ ಬಂದು ನಡುವೆ ನಿಂತ್ಕತಾಳೆ. ಆಮೇಲೆ ಯಾರು ಎಡೆಬಿಡ್ದೆ ಎಲ್ಡು ಪೆಟ್ಟು ಒಡೀತಾನೋ ಅವನೇ ಗೆದ್ದಂಗೆ."

ದೊರೆ ಸಂತೋಷದಿಂದ ಒಂದೊಂದು ಹೆಸರನ್ನೂ ಎರಡೆರಡು ಸಲ ಕೇಳಿ ಬರೆದುಕೊಂಡ. ಹದಿನೈದು ವರ್ಷ ಹುಡುಕಿದರೂ ಸಿಗದ ದೇವರು ಸಿಕ್ಕಿದ್ದರು. ದಿನವೂ ತನ್ನ ಬಾಯಿಂದಲೇ ಹೊರಡುವ ಮಾತು ಇನ್ನೊಬ್ಬರ ಬಾಯಲ್ಲಿ ಬಂದಾಗ ಅವನಿಗೆ ಗುರುತು ಹತ್ತಲಿಲ್ಲ. ಒಳಗೆ ಹೋಗಿ ಪಾತ್ರೆ ತೊಳೆಯುತ್ತಾ ಪುಟ್ಟಮಾದಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಅದು ನಗುವೋ ಅಳುವೋ ಅವಳಿಗೇ ತಿಳಿಯಲಿಲ್ಲ.

ಎರಡು ವರ್ಷವಾಯಿತು. ಬರಹ ಅಚ್ಚಿಗೆಂದು ಲಂಡನ್ನಿಗೆ ಹೋಯಿತು. ಅದು ಪುಸ್ತಕವಾಗಿ ಬರಲಿ, ಆಮೇಲೆ ಅಪ್ಪನನ್ನು ಒಯ್ಯುತ್ತೇನೆ ಎಂದು ದಿನ ಎಣಿಸುತ್ತಿದ್ದಳು. ಒಂದು ಸೋಮವಾರ ಬೆಳಿಗ್ಗೆ, ವಾರಕ್ಕೊಮ್ಮೆ ಗುಡಿಸುವ ಆ ಕೋಣೆಗೆ ಹೋದರೆ ಹಲಗೆ ಬರಿದಾಗಿತ್ತು. ಓಡಿಹೋಗಿ ಮರಿಯಯ್ಯನನ್ನು ಹಿಡಿದಳು.

"ಎಲ್ಲೋದ್ವು ಮರಿಯಣ್ಣಾ?"

ಮರಿಯಯ್ಯ ತಲೆ ಎತ್ತಲಿಲ್ಲ. "ಶುಕ್ರವಾರವೇ ಪೆಟ್ಗೆ ಮಾಡಿ ಮೈಸೂರಿನ ರೈಲಿಗೆ ಆಕಿ ಬಂದೆ ಕಣವ್ವ. ಬೊಂಬಾಯಿಂದ ಅಡಗಿನಾಗೆ ಲಂಡನ್ನಿಗೆ ಓಯ್ತದಂತೆ. ನೀನು ಅದ್ಕೇ ಕಾಯ್ತಿದ್ದೆ ಅಂತ ನಂಗೊತ್ತಿದ್ರೆ ನಿಂಗೆ ಯೋಳ್ತಿದ್ದೆ."

ಅವತ್ತು ಅಂಗಳಕ್ಕೆ ಸಗಣಿ ಸಾರಿಸುವಾಗ ಅವಳ ಕೈ ಆಡಲಿಲ್ಲ. ಬಾಗಿಲವರೆಗೆ ಹೋಗಿದ್ದ ತನ್ನ ಕಾಲುಗಳನ್ನೇ ನೋಡಿಕೊಂಡು ಕೂತಳು. ಊರಿಗೆ ಹೊರಟುಬಿಡಬಹುದಿತ್ತು. ಹೊರಡಲಿಲ್ಲ. ಅಪ್ಪನಂತೂ ಹೋದ, ಇನ್ನು ದೊರೆಯ ಮಾನ ಹೋಗುವುದನ್ನಾದರೂ ಕಣ್ಣಾರೆ ಕಾಣಬೇಕು ಎಂದು ಹಲ್ಲು ಕಚ್ಚಿ ಕಾದಳು.

ಮಾಗಿಯಲ್ಲಿ ಕೊಡಗಿನ ತೋಟದ ದೊರೆಗಳೆಲ್ಲ ಪಂದ್ಯಕ್ಕೆ ಬಂದರು. ಮದ್ರಾಸಿನಿಂದ ಒಬ್ಬ ಮುದಿ ಪಂಡಿತ ದೊರೆಯೂ ಬಂದಿದ್ದ. ಹೊಸ ಪುಸ್ತಕ ಅವನ ಕೈಯಲ್ಲಿತ್ತು. ಆಲದ ದೊರೆ ಅವತ್ತು ಇಬ್ಬರನ್ನು ಸೋಲಿಸಿ, ಬೆವರು ಒರೆಸಿಕೊಳ್ಳುತ್ತಾ ನಗುನಗುತ್ತಾ ಬಂದು ಚಹಾಕ್ಕೆ ಕೂತ. ಇನ್ನಿಬ್ಬರು ಆಟಕ್ಕಿಳಿದರು. ಮುದಿ ದೊರೆ ಪುಸ್ತಕ ತೆರೆದು ಗಟ್ಟಿಯಾಗಿ ಓದತೊಡಗಿದ. ಪುಟ್ಟಮಾದಮ್ಮನಿಗೆ ಇಂಗ್ಲಿಷ್ ತಿಳಿಯದು; ತನ್ನ ದೇವರುಗಳ ಹೆಸರು ತಿಳಿಯಿತು. ಪಿಪ್ತೀನಪ್ಪ. ತರಟಪ್ಪ. ಪಾರಟಪ್ಪ.

ಅದೇ ಹೊತ್ತಿಗೆ ಅಂಗಳದಿಂದ ಕೂಗು ಬಂತು: "ಡ್ಯೂಸ್!"

ಮುದಿ ದೊರೆ ಓದುವುದನ್ನು ನಿಲ್ಲಿಸಿದ. ಕನ್ನಡಕ ತೆಗೆದ. ಹಾಳೆಯನ್ನೂ ಅಂಗಳವನ್ನೂ ಒಂದಾದ ಮೇಲೊಂದು ನೋಡಿದ. ಮೆಲ್ಲಗೆ ಏನೋ ಅಂದ. ತೋಟದ ದೊರೆಯೊಬ್ಬ ಮೊದಲು ನಕ್ಕ. ಆಮೇಲೆ ನಗು ಕುರ್ಚಿಯಿಂದ ಕುರ್ಚಿಗೆ ಹತ್ತಿಕೊಂಡಿತು. ಹೆಂಗಸರು ಬಟ್ಟಲು ಕೆಳಗಿಟ್ಟು ನಕ್ಕರು. ಆಲದ ದೊರೆಯ ಮುಖ ಮೊದಲು ಕೆಂಪಾಗಿ ಆಮೇಲೆ ಬೂದಿಯಾಯಿತು. ಪುಟ್ಟಮಾದಮ್ಮ ಕೊಡ ಹಿಡಿದು ನಿಂತು ಎಲ್ಲವನ್ನೂ ರೆಪ್ಪೆ ಬಡಿಯದೆ ನೋಡಿದಳು.

ಆಮೇಲೆ ಅವನು ಆಡಲಿಳಿದಾಗಲೆಲ್ಲ ಯಾರಾದರೊಬ್ಬರು "ಪಾರಟಪ್ಪಾ!" ಎಂದು ಕೂಗುತ್ತಿದ್ದರು. ಶಾಲೆಯ ಗೋಡೆಯ ಮೇಲೂ ಇದ್ದಿಲಲ್ಲಿ ಬರೆದರು. ಆಟ ನಿಂತಿತು. ತಿಂಗಳೊಳಗೆ ಕೆಲಸ ಬಿಟ್ಟ.

ಹೊರಡುವ ಹಿಂದಿನ ದಿನ ಮಧ್ಯಾಹ್ನ ದೊರೆ, ಅವಳು ಸಾರಿಸುತ್ತಿದ್ದ ಅಂಗಳಕ್ಕೆ ಬಂದು ನಿಂತ. "ನಾನು ನಿನಗೆ ಏನು ಅನ್ಯಾಯ ಮಾಡಿದೆನು?"

"ನಮ್ಮಪ್ಪನ ಹೆಸರು ದೊಡ್ಡಮಾದಯ್ಯ."

"ಅದು ವಿದ್ಯೆಗಾಗಿ ಮಾಡಿದ್ದು" ಅಂದ ಅವನು. "ಅವನನ್ನು ನಾನು ಪ್ರೀತಿಸುತ್ತಿದ್ದೆ."

"ತರ್ಸಿ ಕೊಡಿ ಅಂಗಾರೆ."

"ಅದು ಈಗ ನನ್ನದಲ್ಲ. ಲಂಡನ್ನಿನ ವಸ್ತುಸಂಗ್ರಹಾಲಯದವರು ಕೊಡುವುದಿಲ್ಲ."

ಪುಟ್ಟಮಾದಮ್ಮ ಎದ್ದು ಕೈಯ ಸಗಣಿ ಒರೆಸಿಕೊಂಡಳು. "ಆ ಪುಸ್ತಕದಾಗೆ ನಿಜಾನೂ ಅವೆ ದೊರೆ. ಯಾವ್ಯಾವು ಅಂತ ನಾ ಸಾಯೋಗಂಟ ಯೋಳಕಿಲ್ಲ. ಕುಂತ್ಕಂಡು ಉಡುಕ್ಕಳಿ."

ಮಾರನೆಯ ದಿನವೇ ಊರ ದಾರಿ ಹಿಡಿದಳು. ಅವ್ವ ಒಲೆಯ ಮುಂದಿದ್ದಳು. ನಡೆದದ್ದನ್ನೆಲ್ಲ ಮಗಳು ಹೇಳಿದಳು. ನಕ್ಕವರನ್ನು, ಬೂದಿಯಾದ ಮುಖವನ್ನು. ಕೆಂಪಾಜಮ್ಮ ಒಂದು ಸಲವೂ ನಗಲಿಲ್ಲ.

"ಎಲ್ಡು ವರ್ಸ ನಿಮ್ಮಪ್ಪ ನಿನ್ ಕಣ್ಮುಂದೆ ಇದ್ದ?"

"ಊಂ ಕಣವ್ವ."

"ಕೈಲೂ ಎತ್ಕಂಡಿದ್ದೆ?"

ಅವ್ವ ಮುದ್ದೆ ಬಡಿಸಿದ ತಟ್ಟೆಯನ್ನು ಅವಳತ್ತ ತಳ್ಳಿ, ಗೋಡೆಯ ಕಡೆ ಮುಖ ಮಾಡಿ ಮಲಗಿದಳು. ಮಗಳು ಬಿಸಿ ಮುದ್ದೆಯನ್ನು ಮುರಿದು, ಒಂದೊಂದೇ ತುತ್ತು ನುಂಗುತ್ತಾ, ಆಲದ ದೊರೆಯ ಮುಖವನ್ನು ಮತ್ತೆ ಮತ್ತೆ ನೆನೆಸಿಕೊಂಡಳು.