ಯಾರ ಅಜ್ಜಿ

ಊರಿನ ಶಾಲೆಯ ಮಕ್ಕಳಿಗೆ ನಾನು ಕತೆ ಹೇಳಿ ಮುಗಿಸಿದಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ಅಪ್ಪನ ಅಕ್ಕ ಅಗ್ರಫೀನಾ ಅತ್ತೆ ತಟ್ಟಲಿಲ್ಲ. ಅವಳ ಅಪ್ಪಣೆ ಕೇಳಿಯೇ ಹೇಳಿದ್ದೆ. ಆದರೂ ಮನೆಗೆ ಬರುವ ದಾರಿಯುದ್ದಕ್ಕೂ ಅವಳು ಕಡಲನ್ನೇ ನೋಡುತ್ತಾ ನಡೆದಳು.

ಮರುದಿನ ಮೀನು ಒಣಗಿಸುವ ಹೊಗೆಮನೆಯಲ್ಲಿ ಸಾಲ್ಮನ್ ಸೀಳುಗಳನ್ನು ಕೋಲಿಗೆ ನೇತುಹಾಕುತ್ತಾ ಕೇಳಿದೆ.

"ತಪ್ಪು ಹೇಳಿದ್ನಾ ಅತ್ತೆ?"

"ಒಂದಕ್ಷರ ಆಚೀಚೆ ಆಗಿಲ್ಲ. 'ನಮ್ಮಜ್ಜಿ ಮಂಜಲ್ಲಿ ನಿಂತು ಪೆಟ್ಟಿಗೆ ಬಡಿದ್ಲು' ಅಂದ್ಯಲ್ಲ, ಅವಳು ನಿಂಗ್ಯಾವ ಸೀಮೆ ಅಜ್ಜಿ ಕಣೇ?"

ಮೀನು ಕೈಯಲ್ಲೇ ಉಳಿಯಿತು. ಟ್ಲಿಂಗಿಟ್ ಜನರಾದ ನಮ್ಮಲ್ಲಿ ಮಕ್ಕಳು ತಾಯಿಯ ಕುಲಕ್ಕೆ ಸೇರುತ್ತಾರೆ. ದಿಕ್ಕು ತಪ್ಪಿದ ದೋಣಿಗಳಿಗೆ ದಡ ತಿಳಿಯಲೆಂದು ಮೂರು ದಿನ ಮರದ ಪೆಟ್ಟಿಗೆ ಬಡಿಯುತ್ತಾ ನಿಂತ ಆ ಅಜ್ಜಿ ಅಪ್ಪನ ಕುಲದವಳು. ಅವಳ ಕತೆ ಆ ಕುಲದ ಸ್ವತ್ತು. ಇಪ್ಪತ್ತು ವರ್ಷ ಅತ್ತೆಯ ಬಾಯಿಂದ ಕೇಳಿ ಕೇಳಿ, ಅವಳ 'ನಮ್ಮ' ನನ್ನ ನಾಲಿಗೆಗೂ ಹತ್ತಿಬಿಟ್ಟಿತ್ತು.

"ಇನ್ಮೇಲೆ ಹೇಳಲ್ಲ," ಅಂದೆ.

"ಹೇಳ್ದೆ ಇದ್ರೆ ಹೋಯ್ತಲ್ಲ ಅದು! ನನ್ನ ಉಸಿರು ಅರ್ಧ ಕತೆಗೂ ಸಾಲ್ತಿಲ್ಲ. ಡೆಲ್ಫೀನ್‌ಗೆ ಮೊದಲ್ನೇ ಸಾಲೂ ಬರಲ್ಲ."

ಡೆಲ್ಫೀನ್ ಅತ್ತೆಯ ತಂಗಿಯ ಮಗಳು. ಆ ಕುಲದವರಲ್ಲಿ ಅತ್ತೆಯನ್ನು ಬಿಟ್ಟರೆ ಊರಲ್ಲಿ ಉಳಿದವಳು ಅವಳೊಬ್ಬಳೇ.

ಅತ್ತೆ ಬಹಳ ಹೊತ್ತು ಮಾತಾಡಲಿಲ್ಲ. ಹಸಿ ಕಟ್ಟಿಗೆ ಚಿಟಿಚಿಟಿ ಅನ್ನುತ್ತಿತ್ತು. ನಾನು ಇನ್ನೊಂದು ಸೀಳನ್ನು ಕೋಲಿಗೆ ಹಾಕಿದೆ. ಅವಳ ಮೌನ ಮುಗಿಯುವ ಮೊದಲೇ ಮಾತಾಡಿದರೆ ಅವಳು ಮತ್ತೆ ಮೊದಲಿನಿಂದ ಸುಮ್ಮನಾಗುತ್ತಾಳೆ.

"ಬಾಯಲ್ಲಿಟ್ಕೋ, ನುಂಗ್ಬೇಡ," ಅಂದಳು ಕೊನೆಗೆ. "ಅವಳಿಗೆ ಕೊಡು."

ಭಾನುವಾರ ಅತ್ತೆ ಕರೆಸಿದಾಗ ಡೆಲ್ಫೀನ್ ಮೀನಿನ ಕಾರ್ಖಾನೆಯ ರಬ್ಬರ್ ಬೂಟಿನಲ್ಲೇ ಬಂದಳು.

"ಕಾಲೇಜು ಮುಗಿಸ್ದೋಳು ಪಾಠ ಮಾಡ್ತಾಳಂತೆ! ಹೋಮ್‌ವರ್ಕೂ ಇದ್ಯೇನಮ್ಮ?"

"ಕೂತ್ಕೋ ಮೊದ್ಲು," ಅಂದೆ. "ನಾನ್ ಹೇಳ್ದಂಗೆ ಹೇಳು. ನಿಮ್ಮಜ್ಜಿ ಮಂಜಲ್ಲಿ ನಿಂತು ಪೆಟ್ಟಿಗೆ ಬಡಿದ್ಲು."

'ನಿಮ್ಮ' ಅನ್ನುವುದು ಇಷ್ಟು ಕಷ್ಟವೆಂದು ಗೊತ್ತಿರಲಿಲ್ಲ. ಚಿಕ್ಕಂದಿನಿಂದ ನನ್ನ ಜೊತೆಗಿದ್ದವಳನ್ನು ಬಾಗಿಲ ತನಕ ಬಿಟ್ಟುಬಂದಂತಾಯಿತು.

"ನಿಮ್ಮಜ್ಜಿ ಮಂಜಲ್ಲಿ ನಿಂತು..." ಡೆಲ್ಫೀನ್ ಶುರುಮಾಡಿದಳು.

"ಅಯ್ಯೋ ಪೆದ್ದಿ, ನಿನ್ನಜ್ಜೀನೇ ಕಣೇ ಅವಳು!" ಅತ್ತೆ ನಕ್ಕು ನಕ್ಕು ಕೆಮ್ಮಿದಳು.

ನಾನೂ ನಕ್ಕೆ. ಡೆಲ್ಫೀನ್ ಮಾತ್ರ ನಗಲಿಲ್ಲ. ಕೆಮ್ಮಿ ಕೆಮ್ಮಿ ಬಗ್ಗಿದ ಅತ್ತೆಯ ಬೆನ್ನನ್ನು ಸವರಿದಳು.

"ನಮ್ಮಜ್ಜಿ," ಅಂದಳು ಮೆಲ್ಲಗೆ. ಆಮೇಲೆ ಇನ್ನೊಮ್ಮೆ, ದನಿಯೇರಿಸಿ: "ನಮ್ಮಜ್ಜಿ ಮಂಜಲ್ಲಿ ನಿಂತು ಪೆಟ್ಟಿಗೆ ಬಡಿದ್ಲು. ಹೂಂ, ಆಮೇಲೆ?"

ಅತ್ತೆ ಕಣ್ಣೊರೆಸಿಕೊಂಡು ನನ್ನತ್ತ ತಲೆಯಾಡಿಸಿದಳು. ನಾನು ಎರಡನೆಯ ಸಾಲು ಹೇಳಿಕೊಟ್ಟೆ.